ಆರ್ಗ್ಯಾನಿಕ್ ಕೆಮಿಸ್ಟ್ರಿ ಪ್ರೊಫೆಸರರ ಬದುಕು ಹೇಗಿರುತ್ತದೆ?

ಎಂ.ಎಸ್ಸಿ. ಕೊನೆಯ ವರ್ಷದಲ್ಲಿದ್ದೀರಿ, ಪಿಎಚ್‌.ಡಿ. ಮಾಡಿ ಈ ವೃತ್ತಿಗೆ ಬರಬೇಕೇ ಎಂದು ಕೇಳಿದ್ದೀರಿ. ನಾನು ಧಾರವಾಡದವನು, ಮುಂಬೈಯ ಕಾಲೇಜೊಂದರಲ್ಲಿ 31 ವರ್ಷ ಕಲಿಸಿ ನಿವೃತ್ತನಾದವನು. ಬನ್ನಿ ಎಂದೇ ಹೇಳುತ್ತೇನೆ. ಆದರೆ ಲ್ಯಾಬಿನಲ್ಲಿ ಹಗಲೆಲ್ಲ ನಿಂತು, ಏನೂ ಆಗದೆ ಮನೆಗೆ ಹೋಗುವ ದಿನಗಳೇ ಹೆಚ್ಚು.

ಜುಲೈ ತಿಂಗಳಲ್ಲಿ ಇಲ್ಲಿ ಮುಂಬೈಯಲ್ಲಿ ಗ್ರಿನ್ಯಾರ್ ರಿಯಾಕ್ಷನ್, ಅಂದರೆ ಮೆಗ್ನೀಸಿಯಂ ನೆರವಿನಿಂದ ಇಂಗಾಲಕ್ಕೆ ಇಂಗಾಲ ಜೋಡಿಸುವ ಪ್ರಯೋಗ, ಮಾಡಿದವರಿಗೆ ಇದು ಗೊತ್ತು. ಹೊರಗೆ ಧೋ ಎಂದು ಮಳೆ, ಒಳಗೆ ಗೋಡೆಯೇ ಬೆವರುತ್ತದೆ. ಈ ರಿಯಾಕ್ಷನ್ನಿಗೋ ನೀರಿನ ಪಸೆ ಕಂಡರಾಗದು. ಫ್ಲಾಸ್ಕನ್ನು ಓವನ್ನಿನಲ್ಲಿ ಒಣಗಿಸಿ, ಈಥರಿನ ನೀರು ತೆಗೆಯಲು ಸೋಡಿಯಂ ತಂತಿ ಹಾಕಿ, ಕಂಡೆನ್ಸರ್ ಮೇಲೆ ಗಾಳಿಯ ತೇವ ತಡೆಯುವ ಗಾರ್ಡ್ ಟ್ಯೂಬ್ ಕೂರಿಸಿ, ಮೆಗ್ನೀಸಿಯಂ ಚೂರಿನ ಮೇಲೆ ಅಯೋಡಿನ್ ಹರಳೊಂದನ್ನು ಹಾಕಿ ಕಾಯಬೇಕು. ಕಂದು ಬಣ್ಣ ಮಾಯವಾಗಿ ಈಥರ್ ತಾನಾಗಿ ಕುದಿಯತೊಡಗಿದರೆ ಗೆದ್ದಂತೆ. ನನ್ನ ಮೊದಲ ಮಳೆಗಾಲದಲ್ಲಿ ಹನ್ನೊಂದು ಸಲ ಅದು ಕುದಿಯಲಿಲ್ಲ. ನನ್ನ ಪಿಎಚ್‌.ಡಿ. ಗೈಡ್ ಲ್ಯಾಬಿಗೆ ಬರುತ್ತಲೇ ಇರಲಿಲ್ಲ, ಕರೆಸಿ ಯೀಲ್ಡ್ ಎಷ್ಟು, ಅಂದರೆ ಕೊನೆಗೆ ಎಷ್ಟು ವಸ್ತು ಸಿಕ್ಕಿತು, ಎಂದಷ್ಟೇ ಕೇಳುತ್ತಿದ್ದರು. ವಿಜಾಪುರ ಕಡೆಯ ಅಟೆಂಡರ್ ಒಬ್ಬರು ನೋಡಿ, "ಸರ, ಮೆಗ್ನೀಸಿಯಂ ಕಪ್ಪಾಗೇತ್ರಿ, ಮೊದಲ ಆ್ಯಸಿಡ್‌ನ್ಯಾಗ ತೊಳೀರಿ" ಎಂದರು. ತೊಳೆದು ಒಣಗಿಸಿದೆ, ಹನ್ನೆರಡನೆಯದು ಕುದಿಯಿತು. ಅವರು ನನ್ನ ನಿಜವಾದ ಗುರುಗಳಲ್ಲೊಬ್ಬರು.

ಮುಂದೆ ನನ್ನ ವಿದ್ಯಾರ್ಥಿಗಳಿಂದ ಬೇಕರ್–ವೆಂಕಟರಾಮನ್ ರಿಯಾಕ್ಷನ್ ಮಾಡಿಸುತ್ತಿದ್ದೆ. ಅದಕ್ಕೆ ಬಳಸುವ ಪಿರಿಡಿನ್ ದ್ರವದ ನಾತ ಮನೆಗೆ ಹೋಗಲು ಲೋಕಲ್ ರೈಲು ಹತ್ತಿದರೂ ಕೈ ಬಿಡದು, ಆದರೆ ಪೊಟ್ಯಾಶ್ ಬಿದ್ದು ಫ್ಲಾಸ್ಕಿನಲ್ಲಿ ಹಳದಿ ಲವಣ ಗಟ್ಟಿಯಾಗುವಾಗ ಹುಡುಗರ ಮುಖ ನೋಡಬೇಕು! ಅದನ್ನು ಆಮ್ಲದಲ್ಲಿ ಕಾಯಿಸಿದರೆ ಫ್ಲೇವೋನ್ ಎಂಬ ವಸ್ತು. ಎಷ್ಟೋ ಹೂಗಳ ಹಳದಿ ಬಣ್ಣ ಇದೇ ಕುಲದ್ದು. ರಿಯಾಕ್ಷನ್ನಿನ ಹೆಸರಿನಲ್ಲಿರುವ ಆ ಕೆ. ವೆಂಕಟರಾಮನ್ 1938ರಿಂದ ಮುಂಬೈಯ ನಮ್ಮ ಮಾಟುಂಗಾದ ಯುಡಿಸಿಟಿಯ, ಅಂದರೆ ಈಗಿನ ಐಸಿಟಿ (ಇನ್‌ಸ್ಟಿಟ್ಯೂಟ್ ಆಫ್ ಕೆಮಿಕಲ್ ಟೆಕ್ನಾಲಜಿ)ಯ, ನಿರ್ದೇಶಕರಾಗಿದ್ದರು. 1957ರಲ್ಲಿ ಪುಣೆಯ ನ್ಯಾಷನಲ್ ಕೆಮಿಕಲ್ ಲ್ಯಾಬೊರೇಟರಿಗೆ (ಎನ್‌ಸಿಎಲ್) ಹೋದರು. ಪಠ್ಯದಲ್ಲಿನ ಹೆಸರು ಇದೇ ರಸ್ತೆಯಲ್ಲಿ ಓಡಾಡಿತ್ತು ಎಂದಾಗ ಹಿಂದಿನ ಬೆಂಚಿನವರೂ ತಲೆ ಎತ್ತುತ್ತಿದ್ದರು.

ದುಡ್ಡಿನ ಮಾತು. ಸಿಎಸ್‌ಐಆರ್ ನೆಟ್ ಎಂಬ ರಾಷ್ಟ್ರಮಟ್ಟದ ಪರೀಕ್ಷೆಯಲ್ಲಿ ಜೆಆರ್‌ಎಫ್, ಅಂದರೆ ಸಂಶೋಧನಾ ಫೆಲೋಶಿಪ್, ಸಿಕ್ಕರೆ ತಿಂಗಳಿಗೆ 37,000 ರೂಪಾಯಿ. ಪಿಎಚ್‌.ಡಿ. ಆದಮೇಲೆ ಕಾಯಂ ಕೆಲಸಕ್ಕೆ ಮುನ್ನ ತಾಸಿನ ಲೆಕ್ಕದಲ್ಲಿ ದುಡ್ಡು ಕೊಡುವ ಸಿಎಚ್‌ಬಿ (ಕ್ಲಾಕ್ ಅವರ್ ಬೇಸಿಸ್) ಪಾಠಗಳಲ್ಲಿ ವರ್ಷಗಳೇ ಹೋಗಬಹುದು. ಮನೆಯವರಿಗೆ ಈಗಲೇ ಹೇಳಿಬಿಡಿ.

ವಿಷಯಕ್ಕಿಂತ ಗೈಡನ್ನು ನೋಡಿ ಆರಿಸಿ. ಸೇರುವ ಮುನ್ನ ಆ ಲ್ಯಾಬಿಗೆ ಒಂದು ಸಂಜೆ ಹೋಗಿ, ಥೀಸಿಸ್ ಬರೆಯುತ್ತಿರುವವರನ್ನು ಚಹಾಕ್ಕೆ ಕರೆದು ಕೇಳಿ: ಸರ್ ಕೊನೆಯ ಸಲ ನಿಮ್ಮ ಬೆಂಚಿನ ಹತ್ತಿರ ಬಂದದ್ದು ಯಾವಾಗ?