ಸತ್ತ ವಿಷಯ ಅಲ್ವಾ ಇದು?

ಓದುಗರೊಬ್ಬರ ಪತ್ರ: ಮಗಳು ಅರ್ಥಶಾಸ್ತ್ರದಲ್ಲಿ ಎಂ.ಎ. ಮುಗಿಸಿದ್ದಾಳೆ. ಕಮ್ಯುನಿಸಂ ಬಿಟ್ಟ ದೇಶಗಳು ಹೇಗೆ ಬದಲಾದವು ಅನ್ನೋದರ ಮೇಲೆ ಪಿಎಚ್‌.ಡಿ. ಮಾಡುತ್ತಾಳಂತೆ. ಆ ವ್ಯವಸ್ಥೆ ಹೋಗಿ ಮೂವತ್ತು ವರ್ಷ ದಾಟಿತು. ಸತ್ತ ವಿಷಯ ಅಲ್ವಾ ಇದು?

ಸಂಪಾದಕರ ಉತ್ತರ: ಕೆಲಸ ಸಿಗುತ್ತದೆ ಎಂಬ ಭರವಸೆ ನಾನು ಕೊಡಲಾರೆ. ಆದರೆ ಸತ್ತ ವಿಷಯ ಎಂದಿರಲ್ಲ, ಅದಕ್ಕೆ ಹಂಗೇರಿಯ ಅರ್ಥಶಾಸ್ತ್ರಜ್ಞ ಯಾನೋಶ್ ಕೊರ್ನೈ ಅವರ ಕಥೆ ಹೇಳುತ್ತೇನೆ.

ಕೊರ್ನೈ 1928ರಲ್ಲಿ ಬುಡಾಪೆಸ್ಟ್‌ನ ಯಹೂದಿ ಕುಟುಂಬದಲ್ಲಿ ಹುಟ್ಟಿದರು. ತಂದೆ ನಾಜಿಗಳ ಆಶ್ವಿಟ್ಜ್ ಶಿಬಿರದಲ್ಲಿ ಸತ್ತರು. ಯುದ್ಧ ಮುಗಿದ ಮೇಲೆ ಹುಡುಗ ಕಮ್ಯುನಿಸ್ಟ್ ಆದ, ಪಕ್ಷದ ಪತ್ರಿಕೆ ಸೇರಿದ. ಮೆಲ್ಲಗೆ ನಂಬಿಕೆ ಕಳಚಿತು. 1955ರಲ್ಲಿ ಪತ್ರಿಕೆಯಿಂದ ಹೊರಗೆ ಹಾಕಿದರು. ಆಗ ಅವರು ಮಾಡಿದ್ದು ಸರಳ ಕೆಲಸ. ಲಘು ಉದ್ಯಮದ ಮ್ಯಾನೇಜರುಗಳ ಹತ್ತಿರ ಹೋಗಿ, ನಿಜವಾಗಿ ಇಲ್ಲಿ ಏನು ನಡೀತಿದೆ ಎಂದು ಕೇಳಿದರು. ಕೇಳಿದ್ದನ್ನೇ ಪ್ರಬಂಧವಾಗಿ ಬರೆದು 1956ರ ಸೆಪ್ಟೆಂಬರ್‌ನಲ್ಲಿ ಮಂಡಿಸಿದರು. ಮುಂದಿನ ತಿಂಗಳೇ ಕಮ್ಯುನಿಸ್ಟ್ ಆಳ್ವಿಕೆಯ ವಿರುದ್ಧ ಬಂಡಾಯ, ಹಿಂದೆಯೇ ಅದನ್ನು ಹತ್ತಿಕ್ಕಲು ಸೋವಿಯತ್ ಟ್ಯಾಂಕು. ಕೆಲಸ ಮತ್ತೆ ಹೋಯಿತು. ದೇಶ ಬಿಟ್ಟು ಓಡಲಿಲ್ಲ, ಜವಳಿ ಉದ್ಯಮದ ಸಂಶೋಧನಾ ಸಂಸ್ಥೆಯಲ್ಲಿ ಕೂತು ಲೆಕ್ಕ ಹಾಕಿದರು.

1980ರಲ್ಲಿ ಅಭಾವದ ಬಗ್ಗೆ ಅವರ ದೊಡ್ಡ ಪುಸ್ತಕ ಬಂತು. ಅಂಗಡಿಯಲ್ಲಿ ಸಾಮಾನಿಲ್ಲ, ಫೋನಿಗೆ ವರ್ಷಗಟ್ಟಲೆ ಕಾಯಬೇಕು. ಅಧಿಕಾರಿ ಲೆಕ್ಕ ತಪ್ಪಿದ್ದರಿಂದ ಹೀಗಾಯಿತು ಅಂತ ಎಲ್ಲರೂ ಅನ್ನುತ್ತಿದ್ದರು. ಅಲ್ಲ, ವ್ಯವಸ್ಥೆಯೇ ಅಭಾವವನ್ನು ಹಡೆಯುತ್ತದೆ ಎಂದರು ಕೊರ್ನೈ. ಸಾಲ ಮಾಡಿದರೂ ಅಪ್ಪ ತೀರಿಸ್ತಾನೆ ಅಂತ ಗೊತ್ತಿರುವ ಮಗ ಕೈ ಬಿಗಿ ಹಿಡಿಯುತ್ತಾನಾ? ನಷ್ಟವಾದರೆ ಸರ್ಕಾರ ಎತ್ತಿ ಹಿಡಿಯುತ್ತದೆ ಎಂದು ಗೊತ್ತಿದ್ದ ಕಾರ್ಖಾನೆಯೂ ಅಷ್ಟೇ. ಬೇಕೋ ಬೇಡವೋ ಉಕ್ಕು, ಯಂತ್ರ, ಜನ ಎಲ್ಲವನ್ನೂ ಬಾಚಿಕೊಳ್ಳುತ್ತದೆ. ಹೀಗೆ ಸಡಿಲವಾಗಿ ಬಿಟ್ಟ ಖರ್ಚಿನ ಹಗ್ಗಕ್ಕೆ ಅವರು ‘ಮೆದು ಬಜೆಟ್ ಮಿತಿ’ ಎಂಬ ಹೆಸರಿಟ್ಟರು. ಮುಳುಗುವ ಬ್ಯಾಂಕನ್ನು ಸರ್ಕಾರ ಎತ್ತಿದಾಗ, ನಷ್ಟದ ನಿಗಮಕ್ಕೆ ವರ್ಷ ವರ್ಷ ದುಡ್ಡು ಸುರಿದಾಗ, ಇವತ್ತಿಗೂ ಅರ್ಥಶಾಸ್ತ್ರಜ್ಞರು ಈ ಮಾತನ್ನೇ ಎತ್ತಿಕೊಳ್ಳುತ್ತಾರೆ. ಇದರಲ್ಲಿ ಸತ್ತಿದ್ದು ಏನು, ಹೇಳಿ?

1986ರಿಂದ ಹಾರ್ವರ್ಡ್‌ನಲ್ಲಿ ಪಾಠ ಹೇಳಿದರು, ಬುಡಾಪೆಸ್ಟ್ ಮನೆ ಮಾತ್ರ ಬಿಡಲಿಲ್ಲ. 1989ರಲ್ಲಿ ವ್ಯವಸ್ಥೆ ಕುಸಿಯಿತು. ಸರ್ಕಾರದ ಆಸ್ತಿಯನ್ನು ಜನರಿಗೆ ಸುಮ್ನೆ ಹಂಚಬೇಡಿ, ಖಾಸಗಿ ಉದ್ಯಮ ತಳದಿಂದ ಬೆಳೆಯಲಿ ಎಂದರು. ಪಕ್ಕದ ಜೆಕ್ ನಾಡಿನಲ್ಲಿ ಆಮೇಲೆ ಸರ್ಕಾರಿ ಕಂಪನಿಗಳ ಷೇರಿಗೆ ಜನರಿಗೆ ಕೂಪನ್ ಕೊಟ್ಟು ಹಂಚಿದ್ದೇ ಹಂಚಿದ್ದು. ಹತ್ತು ವರ್ಷ ಕಳೆದ ಮೇಲೆ ಕೊರ್ನೈ ತಮ್ಮ ಸಲಹೆಗಳನ್ನು ತಾವೇ ಪರೀಕ್ಷೆಗೆ ಹಚ್ಚಿದರು. ಆಸ್ತಿಯ ವಿಷಯದಲ್ಲಿ ನಾನು ಹೇಳಿದ್ದು ಸರಿ, ಹಣದುಬ್ಬರ, ಬಜೆಟ್ ಕೊರತೆಯ ಚಿಕಿತ್ಸೆಯಲ್ಲಿ ಕೆಲವು ಕಡೆ ತಪ್ಪಿದೆ ಎಂದು ಬರೆದರು. ಸಲಹೆಗಾರರಲ್ಲಿ ಇಂಥವರು ಕಡಿಮೆ, ನಾನಂತೂ ಜಾಸ್ತಿ ನೋಡಿಲ್ಲ.

ಇನ್ನೂ ಕಷ್ಟದ ಮಾತು ಚೀನಾದ್ದು. 1985ರಲ್ಲಿ ಯಾಂಗ್‌ಟ್ಸೆ ನದಿಯ ಹಡಗಿನಲ್ಲಿ ಚೀನಾದ ಸುಧಾರಕರು ನಡೆಸಿದ ಸಭೆಗೆ ಹೋಗಿ ಇವರೂ ಸಲಹೆ ಕೊಟ್ಟಿದ್ದರು. 2019ರಲ್ಲಿ, 91ರ ವಯಸ್ಸಿನಲ್ಲಿ, ಚೀನಾ ಇವತ್ತು ಸರ್ವಾಧಿಕಾರದ, ಹೆದರಿಕೆ ಹುಟ್ಟಿಸುವ ಶಕ್ತಿಯಾಗಿರುವುದರಲ್ಲಿ ನಮ್ಮಂಥವರ ಪಾಲೂ ಇದೆ ಎಂದು ಒಪ್ಪಿಕೊಂಡರು. ಎರಡು ವರ್ಷದ ಮೇಲೆ ತೀರಿಕೊಂಡರು.

ಅಂದಹಾಗೆ, ಮಗಳು ಯಾವ ದೇಶ ಆರಿಸಿಕೊಂಡಿದ್ದಾಳೆ ಎಂದು ನೀವು ಬರೆದೇ ಇಲ್ಲ. ಅಲ್ಲಿನ ಭಾಷೆ ಕಲಿಯೋಕೆ ಶುರು ಮಾಡಿದ್ದಾಳಾ, ಕೇಳಿ ನೋಡಿ.