ಬಿಲ್ಬಾವೊದಿಂದ ಹಡಗು ಹತ್ತಿದ ಮಕ್ಕಳು ಮನೆ ಸೇರಿದರೇ?

ನೀವು ಕೇಳಿದ್ದು 1937ರಲ್ಲಿ ಸ್ಪೇನಿನ ಅಂತರ್ಯುದ್ಧದಿಂದ ಪಾರಾಗಲು ಬ್ರಿಟನ್ನಿಗೆ ಹೋದ ಬಾಸ್ಕ್ ಮಕ್ಕಳ (ಉತ್ತರ ಸ್ಪೇನಿನ ಬಿಲ್ಬಾವೊ ಸುತ್ತಲ ಬಾಸ್ಕ್ ಪ್ರದೇಶದವರು) ಬಗ್ಗೆ: ಅಷ್ಟು ಜನರನ್ನು ಹೇಗೆ ಸಾಗಿಸಿದರು, ಎಲ್ಲರೂ ವಾಪಸಾದರೇ? ಸಾಗಿಸಿದ್ದು ಸಾಹಸವೇ. ಆದರೆ ದೊಡ್ಡ ಸಿಕ್ಕು ಇದ್ದದ್ದು ವಾಪಸಾತಿಯಲ್ಲಿ ಅನ್ನುವುದು ನನ್ನ ಅಭಿಪ್ರಾಯ.

ಏಪ್ರಿಲ್ 26ರಂದು ಬಾಸ್ಕ್ ಪಟ್ಟಣ ಗೆರ್ನಿಕಾ ಮೇಲೆ ಬಾಂಬ್ ಬಿತ್ತು. ಆಮೇಲೆ ಬ್ರಿಟಿಷ್ ಸರ್ಕಾರ ಮಕ್ಕಳನ್ನು ಒಳಗೆ ಬಿಡಲು ಒಪ್ಪಿತು, ಆದರೆ ಖಜಾನೆಯಿಂದ ಬಿಡಿಗಾಸೂ ಕೊಡಲಿಲ್ಲ. ಪ್ರತಿ ಮಗುವಿಗೆ ವಾರಕ್ಕೆ 10 ಶಿಲಿಂಗ್ ಹೊಂದಿಸುವ ಹೊಣೆ ಸ್ವಯಂಸೇವಕರ ಸಮಿತಿಯ ತಲೆಗೆ ಬಿತ್ತು. ಸುಮಾರು 800 ಪ್ರಯಾಣಿಕರಿಗಾಗಿ ಕಟ್ಟಿದ್ದ ಹಬಾನಾ ಹಡಗಿನಲ್ಲಿ 5ರಿಂದ 15 ವರ್ಷದ 3,800ಕ್ಕೂ ಹೆಚ್ಚು ಮಕ್ಕಳನ್ನು ತುಂಬಿದರು. ಮೇ 21ಕ್ಕೆ ಹೊರಟು, ಬಿಸ್ಕೇ ಕೊಲ್ಲಿಯ ಅಲೆಗಳಲ್ಲಿ ವಾಂತಿ ಮಾಡಿ ಸುಸ್ತಾಗಿ, 23ಕ್ಕೆ ಇಂಗ್ಲೆಂಡಿನ ಸೌತಾಂಪ್ಟನ್ ಬಂದರು ಮುಟ್ಟಿದರು.

ಒಬ್ಬೊಬ್ಬರ ಬಟ್ಟೆಗೂ ಷಟ್ಕೋನದ ರಟ್ಟಿನ ಬಿಲ್ಲೆ, ಅದರ ಮೇಲೆ ಒಂದು ಸಂಖ್ಯೆ. ವೈದ್ಯರು ನೋಡಿದ ಮೇಲೆ ಮಣಿಕಟ್ಟಿಗೆ ಪಟ್ಟಿ: ಬಿಳಿಯಾದರೆ ನೇರ ಶಿಬಿರಕ್ಕೆ, ಕೆಂಪಾದರೆ ಹೇನು ತೆಗೆಸಲು ಸ್ನಾನಗೃಹಕ್ಕೆ. ಎಡವಟ್ಟಾದದ್ದು ಇಲ್ಲೇ. ಅಣ್ಣನಿಗೆ ಬಿಳಿ, ತಂಗಿಗೆ ಕೆಂಪು ಬಂದರೆ ಇಬ್ಬರದೂ ಬೇರೆ ಬೇರೆ ದಾರಿ. "ಕೈ ಬಿಡಬೇಡಿ" ಎಂದು ಮನೆಯಿಂದ ಹೇಳಿಸಿಕೊಂಡು ಬಂದ ಮಕ್ಕಳಿಗೆ ಅದು ಹೇಗೆ ಅರ್ಥವಾಗಬೇಕು?

ಈಸ್ಟ್‌ಲೀ ಹತ್ತಿರದ ನಾರ್ತ್ ಸ್ಟೋನ್‌ಹ್ಯಾಮ್‌ನ ಹೊಲದಲ್ಲಿ ಗುಡಾರಗಳು ಎದ್ದಿದ್ದವು. ಪಕ್ಕದಲ್ಲೇ ವಿಮಾನ ನಿಲ್ದಾಣ! ಮೇಲೆ ಸದ್ದಾದರೆ ಮಕ್ಕಳು ಅಡಗಲು ಓಡುತ್ತಿದ್ದರು. ಜೂನ್ 19ರಂದು ಬಿಲ್ಬಾವೊ ಬಂಡಾಯ ಸೇನೆಯ ನಾಯಕ ಜನರಲ್ ಫ್ರಾಂಕೋ ವಶವಾದಾಗ ಆ ಸುದ್ದಿಯನ್ನು ಧ್ವನಿವರ್ಧಕದಲ್ಲಿ ಸಾರಿದ್ದು ದೊಡ್ಡ ತಪ್ಪು; ನೂರಾರು ಮಕ್ಕಳು ಅಳುತ್ತಾ ಶಿಬಿರ ಬಿಟ್ಟು ಹೊರಗೋಡಿದರು.

ಹೆತ್ತವರಿಗೆ ಹೇಳಿದ್ದು ಮೂರೇ ತಿಂಗಳು ಎಂದು. ಆದರೆ ಈಗ ಊರು ಫ್ರಾಂಕೋ ಕೈಯಲ್ಲಿ. ಕೆಲವರ ಅಪ್ಪ ಜೈಲಿನಲ್ಲಿ, ಕೆಲವರ ಅಮ್ಮ ಫ್ರಾನ್ಸಿನಲ್ಲಿ ನಿರಾಶ್ರಿತೆ. "ಮಗುವನ್ನು ಕಳಿಸಿ" ಎಂಬ ಪತ್ರ ಬಂದರೂ ಅದು ಮನಸಾರೆ ಬರೆದದ್ದೋ, ಒತ್ತಾಯಕ್ಕೋ? ಹಾಗಾಗಿ ಸಮಿತಿ ಪತ್ರಗಳನ್ನು ಪರಿಶೀಲಿಸಿಯೇ ಕಳಿಸುತ್ತಿತ್ತು. ಮೊದಲ ತಂಡ ಹೊರಟದ್ದು 1937ರ ನವೆಂಬರಿನಲ್ಲಿ. ಹೆಚ್ಚಿನವರು ಮುಂದಿನ ಎರಡು ಮೂರು ವರ್ಷಗಳಲ್ಲಿ ಮರಳಿದರು. ಎರಡನೇ ಮಹಾಯುದ್ಧ ಮುಗಿಯುವಾಗ ಸುಮಾರು 400 ಮಂದಿ ಬ್ರಿಟನ್ನಿನಲ್ಲೇ ಇದ್ದರು.

ಇವರು ಒಂದು ಲೆಕ್ಕದಲ್ಲಿ ಅದೃಷ್ಟವಂತರು. ಅದೇ ಯುದ್ಧದಿಂದ ಪಾರಾಗಲು ಸ್ಪೇನಿನಿಂದ ಸೋವಿಯತ್ ಒಕ್ಕೂಟಕ್ಕೆ ಹೋದ ಸುಮಾರು 3,000 ಮಕ್ಕಳಿಗೆ ಸಾಮೂಹಿಕವಾಗಿ ಮರಳುವ ದಾರಿ ತೆರೆದದ್ದು 1956ರಲ್ಲಿ. ಅಷ್ಟರಲ್ಲಿ ಅವರಿಗೇ ಮಕ್ಕಳಾಗಿದ್ದವು.