ಬೇಸಿಗೆಯಲ್ಲಿ ಬೇಡ, ಜನವರಿಯಲ್ಲಿ ಹೋಗಿ

ದಾವಣಗೆರೆಯ ತಾಯಿಯೊಬ್ಬರ ಪತ್ರ: ಬ್ಯಾಂಕ್ ಕೆಲಸಕ್ಕೆಂದು ಲೇಹ್‌ಗೆ ಹೋದ ಮಗಳು ಅಲ್ಲಿನ ಲಡಾಖಿ ಬೌದ್ಧ ಹುಡುಗನನ್ನು ಮೆಚ್ಚಿದ್ದಾಳೆ. ಹುಡುಗ ಒಳ್ಳೆಯವನೇ. ಆದರೆ ಆ ದೂರ, ಆ ಚಳಿ, ಆ ಭಾಷೆ ನೆನೆಸಿಕೊಂಡರೆ ನಿದ್ದೆ ಬರಲ್ಲ. ಒಪ್ಪಲಾ, ಬೇಡ ಅನ್ನಲಾ?

ಸಂಪಾದಕರ ಉತ್ತರ:

ಅಕ್ಕಾ, ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಜನ ಏನಂತಾರೋ ಅನ್ನುವ ಮಾತು ಅದರಲ್ಲಿ ಎಲ್ಲೂ ಇಲ್ಲ. ಮಗಳು ಅಲ್ಲಿ ಹೇಗೆ ಬಾಳ್ತಾಳೋ ಅನ್ನೋದೊಂದೇ ಚಿಂತೆ. ಹಾಗಾದರೆ ಮೊದಲು ಆ ಮನೆಯಲ್ಲಿ ನಾಲ್ಕು ದಿನ ಇದ್ದು ಬನ್ನಿ. ಅದೂ ಜನವರಿಯಲ್ಲಿ.

ಜೂನ್‌ನಲ್ಲಿ ಲೇಹ್ ಎಲ್ಲರಿಗೂ ಚೆಂದ. ಜನವರಿಯಲ್ಲಿ ನಲ್ಲಿ ನೀರು ಹೆಪ್ಪುಗಟ್ಟುತ್ತದೆ. ಮಂಜು ಬಿದ್ದರೆ ರಸ್ತೆ ಮುಚ್ಚುತ್ತದೆ, ಕೆಲವೊಮ್ಮೆ ವಿಮಾನವೂ ರದ್ದು. ಮನೆಮಂದಿಯೆಲ್ಲ ಒಲೆ ಸುತ್ತ ಕೂರುವ ಕಾಲ ಅದು. ಅಲ್ಲಿ ನಿಮ್ಮ ಮಗಳನ್ನು ಹೇಗೆ ಮಾತಾಡಿಸ್ತಾರೆ, ಅವಳು ಎಷ್ಟು ನಗ್ತಾಳೆ, ಸುಮ್ನೆ ನೋಡಿ. ಒಂದು ಎಚ್ಚರಿಕೆ: ಲೇಹ್ ಸುಮಾರು 3,500 ಮೀಟರ್ ಎತ್ತರದಲ್ಲಿದೆ. ಬಿಪಿ ಇದ್ದರೆ ಡಾಕ್ಟರನ್ನು ಕೇಳಿಯೇ ಹೊರಡಿ. ಇಳಿದ ಮೇಲೆ ಎರಡು ದಿನ ಓಡಾಡದೆ ಮಲಗಿ.

ಊಟಕ್ಕೆ ಹೊಂದಿಕೊಳ್ಳಬಹುದು. ಹುರಿದ ಬಾರ್ಲಿ ಹಿಟ್ಟು ಅವರಿಗೆ ನಮ್ಮ ಹುರಿಹಿಟ್ಟಿದ್ದ ಹಾಗೆ. ಆದರೆ ಅಲ್ಲಿ ಮಾಂಸ ಸಾಮಾನ್ಯ. ನಿಮ್ಮದು ಮಾಂಸ ತಿನ್ನದ ಮನೆಯಾದರೆ ಈಗಲೇ ಮಾತಾಡಿಕೊಳ್ಳಿ.

ಇದಕ್ಕಿಂತ ದೊಡ್ಡದು ಬಾಣಂತನ. ನೀವು ಬರೆದಿಲ್ಲ, ಆದರೂ ನಿಮ್ಮ ನಿದ್ದೆ ಕೆಡಿಸಿರೋದು ಅದೇ ಅಂತ ನನಗನಿಸುತ್ತದೆ. ತಿಂಗಳು ತುಂಬುತ್ತಾ ಬಂದರೆ ವಿಮಾನ ಹತ್ತಿಸಿಕೊಳ್ಳುವುದಿಲ್ಲ. ಚೊಚ್ಚಲ ಹೆರಿಗೆ ತವರಲ್ಲಾದರೆ ಅವಳು ಯಾವ ತಿಂಗಳಲ್ಲಿ ಬರಬೇಕು, ಎಷ್ಟು ದಿನ ಇರಬೇಕು? ಇದನ್ನು ಹುಡುಗನ ಅಮ್ಮನ ಜೊತೆ ನೇರವಾಗಿ ಮಾತಾಡಿ. ಹಿಂದಿ ಬಾರದಿದ್ದರೆ ಮಗಳೇ ಹೇಳಲಿ. 'ಜೂಲೆ' ಅನ್ನೋದು ಕಲಿತು ಹೋಗಿ. ಅಲ್ಲಿ ನಮಸ್ಕಾರಕ್ಕೂ ಅದೇ, ಥ್ಯಾಂಕ್ಸ್‌ಗೂ ಅದೇ. ಮೊಮ್ಮಗು ನಿಮ್ಮನ್ನು 'ಅಜ್ಜಿ' ಅನ್ನಬೇಕಲ್ವಾ? ಹಾಗಾದರೆ ಮಗಳು ಮೊದಲ ದಿನದಿಂದಲೇ ಅದರ ಜೊತೆ ಕನ್ನಡದಲ್ಲೇ ಮಾತಾಡಬೇಕು. ಈ ಮಾತು ಅವಳಿಂದ ಪಡೆಯಿರಿ.

ಮದುವೆಗೆ ಯಾರೂ ಧರ್ಮ ಬಿಡಬೇಕಿಲ್ಲ. 1954ರ ವಿಶೇಷ ವಿವಾಹ ಕಾಯ್ದೆ ಇದೆ. ಇಬ್ಬರಲ್ಲಿ ಒಬ್ಬರು 30 ದಿನ ವಾಸವಿದ್ದ ಜಿಲ್ಲೆಯಲ್ಲಿ ನೋಟಿಸ್ ಕೊಡಬೇಕು. ಆಮೇಲೆ 30 ದಿನ ಕಾಯಬೇಕು, ಮೂವರು ಸಾಕ್ಷಿ ಬೇಕು. ದಾವಣಗೆರೆಯಲ್ಲೇ ಆಗಲಿ ಅಂದರೆ ಮಗಳ ರಜೆಯನ್ನು ಈಗಲೇ ಲೆಕ್ಕ ಹಾಕಿ.

ಹಾಗೇ ಆ ಹುಡುಗನನ್ನೂ ಅವನ ಅಮ್ಮನನ್ನೂ ದಾವಣಗೆರೆಗೆ ಕರೆಯಿರಿ. ಏಪ್ರಿಲ್‌ನಲ್ಲೇ ಕರೆಯಿರಿ. ನಮ್ಮ ಬಿಸಿಲನ್ನು ಅವರೂ ನೋಡಲಿ.